ಮೊದಲು ಚಿತ್ರ, ಆಮೇಲೆ ಸೂತ್ರ

ಕೇಳುಗರಿಗೆ ನಮಸ್ಕಾರ. ಡೈನಾಮಿಕ್ಸ್, ಅಂದರೆ ಬಲ ಮತ್ತು ಚಲನೆಯ ಲೆಕ್ಕಗಳ ಪುಸ್ತಕ ತೆರೆದಿಟ್ಟುಕೊಂಡು ತಲೆ ಮೇಲೆ ಕೈ ಹೊತ್ತು ಕೂತಿರುವ ಎಂಜಿನಿಯರಿಂಗ್ ವಿದ್ಯಾರ್ಥಿಗಳಿಗೆ ಇವತ್ತಿನ ಮಾತು. ನಾನು ಹೇಳುವುದು ಒಂದೇ. ಲೆಕ್ಕ ಓದಿದ ಕೂಡಲೇ ಸೂತ್ರ ಹುಡುಕಬೇಡಿ. ಮೊದಲು ಫ್ರೀ ಬಾಡಿ ಡಯಾಗ್ರಾಂ ಬರೆಯಿರಿ. ಒಂದೇ ಒಂದು ವಸ್ತುವನ್ನು ಸುತ್ತಲಿನ ಎಲ್ಲದರಿಂದ ಬಿಡಿಸಿ, ಅದರ ಮೇಲೆ ಬೀಳುವ ಬಲಗಳನ್ನಷ್ಟೇ ಬಾಣ ಹಾಕಿ ತೋರಿಸಿ.

ಒಮ್ಮೆ ಒಬ್ಬ ವಿದ್ಯಾರ್ಥಿನಿ ಓಡಿ ಬಂದಳು. "ಮೇಡಂ, ನನ್ನ ಉತ್ತರ ಪುಸ್ತಕದ್ದಕ್ಕಿಂತ ಸರಿಯಾಗಿ ಎರಡು ಪಟ್ಟು ಬರ್ತಿದೆ. ಪುಸ್ತಕದಲ್ಲೇ ತಪ್ಪಿರಬೇಕು ಅಲ್ವಾ?" ಲೆಕ್ಕ ಸುಲಭದ್ದೇ. ಘರ್ಷಣೆಯೇ ಇಲ್ಲದ ಮೇಜಿನ ಮೇಲೆ 10 ಕಿಲೋದ ಬ್ಲಾಕ್. ಅದಕ್ಕೆ ಕಟ್ಟಿದ ಹಗ್ಗ ಅಂಚಿನ ರಾಟೆ ದಾಟಿ ಕೆಳಗಿಳಿದಿದೆ. ತುದಿಯಲ್ಲಿ ಇನ್ನೊಂದು 10 ಕಿಲೋದ ಬ್ಲಾಕ್ ನೇತಾಡುತ್ತಿದೆ. ಹಗ್ಗಕ್ಕೂ ರಾಟೆಗೂ ತೂಕವಿಲ್ಲ ಅಂತಿಟ್ಟುಕೊಳ್ಳಿ. ಕೈ ಬಿಟ್ಟರೆ ವೇಗೋತ್ಕರ್ಷ ಎಷ್ಟು?

ನೇತಾಡುವ ಬ್ಲಾಕಿನ ತೂಕ 98.1 ನ್ಯೂಟನ್, ಹಗ್ಗ ಎಳೆಯುವುದೂ ಅಷ್ಟೇ ಅಂತ ಅವಳು ಹಿಡಿದಿದ್ದಳು. ಹಾಗಾಗಿ ಮೇಜಿನ ಬ್ಲಾಕಿಗೆ ವೇಗೋತ್ಕರ್ಷ 9.81 ಮೀಟರ್ ಪರ್ ಸೆಕೆಂಡ್ ಸ್ಕ್ವೇರ್ ಬಂದಿತ್ತು. ನಾನು ತಪ್ಪು ತೋರಿಸಲಿಲ್ಲ. "ನೇತಾಡುವ ಬ್ಲಾಕ್ ಒಂದನ್ನೇ ಬರೆಯಮ್ಮ" ಅಂದೆ. ಬರೆದಳು. ಕೆಳಕ್ಕೆ ತೂಕದ ಬಾಣ, ಮೇಲಕ್ಕೆ ಹಗ್ಗದ ಬಾಣ. ಎರಡಕ್ಕೂ 98.1 ಅಂತ ಬರೆದು ಪೆನ್ಸಿಲ್ ಹಾಗೇ ನಿಲ್ಲಿಸಿದಳು. "ಮೇಡಂ, ಎರಡೂ ಸಮವಾದರೆ ಇದು ಕೆಳಗಿಳಿಯೋದೇ ಇಲ್ಲವಲ್ಲ!" ಅಷ್ಟೇ ಸಾಕಾಯಿತು. ಹಗ್ಗದ ಬಲವನ್ನು ಟಿ ಅಂತ ಬಿಟ್ಟು, ಎರಡು ಬ್ಲಾಕಿಗೂ ಬೇರೆ ಬೇರೆ ಸಮೀಕರಣ ಬರೆದಳು. ವೇಗೋತ್ಕರ್ಷ 4.905, ಹಗ್ಗದ ಬಲ 49.05 ನ್ಯೂಟನ್. ಅದೇ ನೇತಾಡುವ ಬ್ಲಾಕಿನ ಬದಲು ಯಾರಾದರೂ ಕೈಯಿಂದ 98.1 ನ್ಯೂಟನ್ ಬಲ ಹಾಕಿ ಎಳೆದಿದ್ದರೆ ಅವಳ ಮೊದಲಿನ ಉತ್ತರವೇ ಸರಿ. ಇಲ್ಲಿ ನೇತಾಡುವ ಬ್ಲಾಕನ್ನೂ ಓಡಿಸಬೇಕಲ್ಲ, ತೂಕದ ಅರ್ಧ ಅದಕ್ಕೇ ಖರ್ಚಾಗುತ್ತದೆ. ಈ ವ್ಯತ್ಯಾಸ ಯಾವ ಸೂತ್ರದಲ್ಲೂ ಕಾಣುವುದಿಲ್ಲ, ಚಿತ್ರದಲ್ಲಿ ಕಾಣುತ್ತದೆ.

ಸಮಯ ಓಡುತ್ತಿದೆ, ಉಳಿದದ್ದನ್ನು ಬೇಗ ಹೇಳಿಬಿಡುತ್ತೇನೆ. ಚಿತ್ರದಲ್ಲಿ ಎಂಎ, ಅಂದರೆ ದ್ರವ್ಯರಾಶಿ ಗುಣಿಸು ವೇಗೋತ್ಕರ್ಷ, ಇದನ್ನು ಬಲ ಅಂತ ಸೇರಿಸಬೇಡಿ. ಅದು ಬಲಗಳಿಂದ ಬರುವ ಫಲ. ಬೇಕಿದ್ದರೆ ಪಕ್ಕದಲ್ಲಿ ಬೇರೆ ಚಿತ್ರ ಬರೆದು ಅಲ್ಲಿ ತೋರಿಸಿ. ಜಾರದೆ ಉರುಳುವ ಚಕ್ರ ಬಂದರೆ ಘರ್ಷಣೆಗೆ ಸುಮ್ನೆ ಗರಿಷ್ಠ ಘರ್ಷಣೆಯ ಸೂತ್ರವಾದ ಮ್ಯೂ ಎನ್ ಹಾಕಬೇಡಿ. ಅದು ಎಷ್ಟು ಅಂತ ಸಮೀಕರಣವೇ ಹೇಳಬೇಕು. ವರ್ಕ್-ಎನರ್ಜಿ, ಇಂಪಲ್ಸ್-ಮೊಮೆಂಟಮ್ ಅಧ್ಯಾಯಗಳಿಗೆ ಹೆದರಬೇಡಿ. ನ್ಯೂಟನ್ 1687ರಲ್ಲಿ ಪ್ರಕಟಿಸಿದ ಎರಡನೇ ನಿಯಮವನ್ನೇ, ಅಂದರೆ ಒಟ್ಟು ಬಲ ಎಂಎಗೆ ಸಮ ಅನ್ನುವುದನ್ನೇ, ದೂರದ ಮೇಲೆ ಇಂಟಿಗ್ರೇಟ್ ಮಾಡಿದರೆ ವರ್ಕ್-ಎನರ್ಜಿ, ಕಾಲದ ಮೇಲೆ ಮಾಡಿದರೆ ಇಂಪಲ್ಸ್-ಮೊಮೆಂಟಮ್. ಅಲ್ಲೂ ಚಿತ್ರ ಬೇಕೇ ಬೇಕು!

ಇನ್ನು ಪುಸ್ತಕದಲ್ಲಿ ಬಿಡಿಸಿಟ್ಟ ಲೆಕ್ಕಗಳು. ಅವನ್ನು ಕಥೆಯ ಹಾಗೆ ಓದಿಕೊಂಡು ಹೋಗುವವರೇ ಜಾಸ್ತಿ. ದಯವಿಟ್ಟು ಹಾಗೆ ಮಾಡಬೇಡಿ. ಉತ್ತರದ ಮೇಲೆ ಹಾಳೆ ಮುಚ್ಚಿ, ಚಿತ್ರ ನೀವೇ ಬರೆಯಿರಿ. ಆಮೇಲೆ ಹಾಳೆ ಸರಿಸಿ, ಪುಸ್ತಕದ ಬಾಣಗಳನ್ನೂ ನಿಮ್ಮ ಬಾಣಗಳನ್ನೂ ಒಂದೊಂದಾಗಿ ಹೋಲಿಸಿ ನೋಡಿ. ನಮಸ್ಕಾರ.