ಮೊದಲು ಅಂಗಾತ, ಆಮೇಲೆ ಈಜು

ಕೇಳುಗರಿಗೆ ನಮಸ್ಕಾರ. ಮಲ್ಪೆ, ಪಣಂಬೂರಿನ ಕಡಲಲ್ಲಿ ಆಡಿ ಬೆಳೆದ ಎಷ್ಟೋ ಮಕ್ಕಳು ಈಗ ಓದಲಿಕ್ಕೆ, ಶಿಪ್ಪಿನ ಕೆಲಸಕ್ಕೆ ಎಂದು ಇಂಗ್ಲೆಂಡ್, ಐರ್ಲೆಂಡ್, ಕೆನಡಾ ಕಡೆ ಇದ್ದಾರೆ. ಅವರು ಫೋನು ಮಾಡಿದಾಗ ಒಂದು ಮಾತು ದಾಟಿಸಿ: ತಣ್ಣೀರಿಗೆ ಬಿದ್ದ ಕೂಡಲೇ ಈಜಬೇಡಿ, ಅಂಗಾತ ಮಲಗಿ ತೇಲಿ.

ನಮ್ಮ ಕಡಲು 27-30 ಡಿಗ್ರಿ. ಬ್ರಿಟನ್ನಿನ ಕಡಲು ಸರಾಸರಿ 12. ಮೇ ತಿಂಗಳ ಬಿಸಿಲಿಗೆ ಅಲ್ಲಿ ಮರಳು ಕಾದರೂ ನೀರು ಕಾಯುವುದಿಲ್ಲ. 15 ಡಿಗ್ರಿಗಿಂತ ತಣ್ಣಗಿನ ನೀರು ಮೈಗೆ ತಾಗಿದೊಡನೆ ಬಾಯಿ ತಾನಾಗಿ ತೆರೆದು ಉಸಿರು ಎಳೆದುಕೊಳ್ಳುತ್ತದೆ. ಮುಖ ನೀರೊಳಗಿದ್ದರೆ ಎಳೆದುಕೊಳ್ಳುವುದು ನೀರನ್ನೇ! ಆಮೇಲೆ ಏದುಸಿರು, ಎದೆಬಡಿತ. ಒಂದರಿಂದ ಮೂರು ನಿಮಿಷದಲ್ಲಿ ಇದು ತಗ್ಗುತ್ತದೆ. ಅಷ್ಟು ಹೊತ್ತು ಕಿವಿ ನೀರಲ್ಲಿ ಮುಳುಗುವ ಹಾಗೆ ತಲೆ ಹಿಂದಕ್ಕೆ ಹಾಕಿ, ಕೈ ಮೆಲ್ಲಗೆ ಆಡಿಸುತ್ತಾ ಮಲಗಿ. ಕಾಲು ಮುಳುಗಿದರೆ ಮುಳುಗಲಿ.

"ಐಸ್‌ಲೆಂಡಿನವನು ಗಂಟೆಗಟ್ಟಲೆ ಈಜಲಿಲ್ಲವೇ?" ಎಂದು ಕೇಳುವವರಿದ್ದಾರೆ. ಈಜಿದ. 1984ರ ಮಾರ್ಚಿನ ರಾತ್ರಿ, ಬಲೆ ತಳಕ್ಕೆ ಸಿಕ್ಕಿಕೊಂಡು ಐದು ಜನರ ಟ್ರಾಲ್ ಬೋಟು ಮಗುಚಿತು. ನಮ್ಮ ಬಂದರಿನವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ನೀರು 5-6 ಡಿಗ್ರಿ. 22 ವರ್ಷದ ಗುಡ್ಲೋಗುರ್ ಫ್ರಿಡ್ಥೋರ್ಸನ್ ಐದಾರು ಗಂಟೆ ಈಜಿ ದಡ ಸೇರಿದ. ಬರಿಗಾಲಲ್ಲಿ ಲಾವಾ ಕಲ್ಲು ತುಳಿಯುತ್ತಾ, ಕುರಿಗಳಿಗೆ ನೀರಿಟ್ಟ ಟಬ್ಬಿನ ಮೇಲಿನ ಮಂಜುಗಡ್ಡೆ ಗುದ್ದಿ ಒಡೆದು ಕುಡಿದು, ಊರಿನ ಮನೆಯೊಂದರ ಬಾಗಿಲು ತಟ್ಟಿದ. ಆಮೇಲೆ ಲಂಡನ್ನಿನಲ್ಲಿ ಪರೀಕ್ಷಿಸಿ ನೋಡಿದರೆ, ಅವನ ಚರ್ಮದಡಿಯ ಕೊಬ್ಬು ಸಾಮಾನ್ಯ ಮನುಷ್ಯರದಕ್ಕಿಂತ ಎರಡು-ಮೂರು ಪಟ್ಟು ದಪ್ಪ, ಸೀಲ್ ಪ್ರಾಣಿಯ ಕೊಬ್ಬನ್ನು ಹೋಲುವಂಥದ್ದು! ಅಂಥ ಮೈ ನಿಮಗಿದೆಯೇ? ಅದೇ ಬೋಟಿನ ಉಳಿದ ನಾಲ್ವರೂ ಕಡಲಿನವರೇ. ಒಬ್ಬರೂ ಮರಳಲಿಲ್ಲ.

ಹೊತ್ತು ಕಡಿಮೆ ಇದೆ, ಉಳಿದದ್ದು ಬೇಗ ಹೇಳುತ್ತೇನೆ. ಹಾರಬೇಡಿ, ನಡೆದು ಇಳಿಯಿರಿ. ಉಸಿರು ಹತೋಟಿಗೆ ಬರುವ ತನಕ ಅಂಗಾತವೇ. ಹತ್ತು ನಿಮಿಷದಲ್ಲಿ ಬೆರಳು ಮರಗಟ್ಟಿ ಹಗ್ಗ ಹಿಡಿಯಲಾಗದು. ಆದ್ದರಿಂದ ಕಾಲು ನೆಲಕ್ಕೆ ಸಿಗುವ ಆಳದಲ್ಲಿ ದಡದ ಉದ್ದಕ್ಕೆ ಈಜಿ, ಚಳಿ ಹಿಡಿಯುವ ಮೊದಲೇ ಹೊರಗೆ ಬನ್ನಿ. ಬಂದವರೇ ಒದ್ದೆ ಬಟ್ಟೆ ತೆಗೆದು, ಒರೆಸಿಕೊಂಡು, ಟೊಪ್ಪಿ, ಸ್ವೆಟರ್ ಹಾಕಿ, ಸಿಹಿ ಚಹಾ ಕುಡಿಯಿರಿ. ಬಿಸಿನೀರಿನ ಸ್ನಾನ ಆಗಲೇ ಬೇಡ. ಮೈಯೊಳಗಿನ ಬಿಸಿ ಇನ್ನೂ ಇಳಿಯುತ್ತಿರುತ್ತದೆ. ಬಿಸಿನೀರು ಬಿದ್ದರೆ ಚರ್ಮದ ರಕ್ತನಾಳ ತೆರೆದು, ರಕ್ತದೊತ್ತಡ ಕುಸಿದು ಬಚ್ಚಲಲ್ಲೇ ಬೀಳಬಹುದು. ಚಳಿಗೆ ಒಂದು ಪೆಗ್ ಎನ್ನುವುದೂ ಬೇಡ, ಅದೂ ಅದೇ ನಾಳಗಳನ್ನು ತೆರೆಯುತ್ತದೆ. ನಮಸ್ಕಾರ.