ನಿಪ್ಪಾಣಿಯ ತಂಬಾಕು, ಬೋರುಂದಾದ ಮದುಮಗಳು

ಹೋದ ಭಾನುವಾರ ಒಂದು ಮದುವೆ ಶೂಟ್ ಇತ್ತು. ಧಾರೆ ಎರೆಯುವ ಹೊತ್ತಿಗೆ ಸರಿಯಾಗಿ ಹುಡುಗಿಯ ಸೋದರಮಾವನ ಕೈ ಫ್ರೇಮಿಗೆ ಅಡ್ಡ ಬಂತು. ಫೋಕಸ್ ಹೋಯ್ತು. "ಇನ್ನೊಂದ್ಸಲ ಎರೀರಿ" ಅನ್ನೋಕಾಗುತ್ತಾ? ಆಮೇಲೆ ತೋಟದಲ್ಲಿ ಜೋಡಿ ಶೂಟ್. ಅಲ್ಲಿ ನಾನೇ ರಾಜ. ಸ್ವಲ್ಪ ತಿರುಗಿ, ನಗಿ, ಮತ್ತೆ ನಗಿ.

ರಾತ್ರಿ ಎಡಿಟ್‌ಗೆ ಕೂತಾಗ ನವ್ರೋಜ್ ಕಾಂಟ್ರಾಕ್ಟರ್ ನೆನಪಾದರು. ಬೆಂಗಳೂರಲ್ಲೇ ಇದ್ದ ಛಾಯಾಗ್ರಾಹಕರು. ಜಾಝ್ ಅಂದರೆ ಪ್ರಾಣ, ಬೈಕ್ ಅಂದರೂ ಪ್ರಾಣ. 2023ರ ಜೂನ್‌ನಲ್ಲಿ ಹೊಸೂರಿನ ಹತ್ತಿರ ಬೈಕ್ ಅಪಘಾತದಲ್ಲೇ ತೀರಿಕೊಂಡರು.

1973ರಲ್ಲಿ ನಿರ್ದೇಶಕ ಮಣಿ ಕೌಲ್ ಅವರ 'ದುವಿಧಾ' ಸಿನಿಮಾಗೆ ಕ್ಯಾಮೆರಾ ಹಿಡಿದವರು ಇವರೇ. ಕಥೆ ವಿಜಯದಾನ್ ದೇಥಾ ಅವರದು, ಶೂಟಿಂಗ್ ನಡೆದದ್ದೂ ಅವರ ಊರಲ್ಲೇ, ರಾಜಸ್ಥಾನದ ಬೋರುಂದಾದಲ್ಲಿ. ನವ್ರೋಜ್ ಸ್ಟಿಲ್ ಫೋಟೋಗ್ರಾಫರ್ ಕೂಡ. ಅದು ಚಿತ್ರದಲ್ಲಿ ಎದ್ದು ಕಾಣುತ್ತದೆ. ಬಿಳಿ ಗೋಡೆ, ಕೆಂಪು ಸೆರಗು, ಮದುಮಗಳ ಮುಖ. ಚಿತ್ರ ಹಾಗೇ ನಿಂತುಬಿಡುತ್ತದೆ. ಮೊದಲ ಸಲ ನೋಡುವಾಗ ಲ್ಯಾಪ್‌ಟಾಪ್ ಹ್ಯಾಂಗ್ ಆಯ್ತು ಅಂತ ನಾನು ಸ್ಪೇಸ್‌ಬಾರ್ ಒತ್ತಿದ್ದೆ!

ಅದೇ ಮನುಷ್ಯ ಆಮೇಲೆ ನಮ್ಮ ನಿಪ್ಪಾಣಿಗೆ ಬಂದರು. ಸಾಕ್ಷ್ಯಚಿತ್ರ ನಿರ್ದೇಶಕಿ ದೀಪಾ ಧನರಾಜ್ ಮತ್ತು ಗೆಳತಿಯರ ಜೊತೆ ಕಟ್ಟಿದ 'ಯುಗಾಂತರ್' ಎಂಬ ಚಿತ್ರತಂಡದ ಜೊತೆ, ಒಂದು ಸಾಕ್ಷ್ಯಚಿತ್ರಕ್ಕಾಗಿ. ತಂಬಾಕು ಕಾರ್ಖಾನೆಯ ಹೆಣ್ಣುಮಕ್ಕಳ ಜೊತೆ ನಾಲ್ಕು ತಿಂಗಳು ಕಳೆದರು. ಅವರ ಮಾತು ಕೇಳಿದರು, ಕಾರ್ಖಾನೆಯ ಒಳಗೂ ಕ್ಯಾಮೆರಾ ಒಯ್ದರು. 1982ರ ಆ ಚಿತ್ರ 16 ಎಂಎಂ ಫಿಲ್ಮಿನದು. 400 ಅಡಿಯ ಒಂದು ರೋಲ್ ಅಂದರೆ ಹೆಚ್ಚೂಕಡಿಮೆ 11 ನಿಮಿಷ, ಅಷ್ಟೇ. ನಾನು ಆ ಮದುವೆಯಲ್ಲಿ ಬರೀ ಊಟದ ಹಾಲನ್ನೇ 40 ನಿಮಿಷ ಸುಮ್ನೆ ಎಳೆದಿದ್ದೆ.

1991ರಲ್ಲಿ ದೀಪಾ ಅವರ 'ಸಮ್‌ಥಿಂಗ್ ಲೈಕ್ ಎ ವಾರ್' ಸಾಕ್ಷ್ಯಚಿತ್ರಕ್ಕೂ ನವ್ರೋಜ್ ಅವರದೇ ಕ್ಯಾಮೆರಾ. ಸಂತಾನಹರಣ ಆಪರೇಷನ್ನಿನ ದೃಶ್ಯಗಳನ್ನು ನನ್ನ ಕೈಲಿ ಪೂರ್ತಿ ನೋಡೋಕಾಗಲಿಲ್ಲ. ಕ್ಯಾಮೆರಾ ಹಿಡಿದವರು ನೋಡಲೇಬೇಕಲ್ವಾ? 'ದುವಿಧಾ'ದ ಮದುಮಗಳ ಮುಖದ ಮುಂದೆ ಕಾದು ನಿಂತ ಕಣ್ಣೇ ಅದು. ಕಥಾಚಿತ್ರ ಬೇರೆ, ಸಾಕ್ಷ್ಯಚಿತ್ರ ಬೇರೆ ಕಸುಬು ಅಂತ ಜನ ಹೇಳಿದಾಗ ನನಗೆ ಈಗೀಗ ಜಾಸ್ತಿ ಅನುಮಾನ.

ಧಾರೆಯ ಆ ಕ್ಲಿಪ್ ಅಳಿಸೋಣ ಅಂತ ಇನ್ನೊಮ್ಮೆ ತೆರೆದೆ. ವಧೂವರರು ಮಸುಕು. ಫೋಕಸ್ ಹೋಗಿ ಕೂತಿರುವುದು ಮಾವನ ಕೈ ಮೇಲೆ. ಬೆರಳು ನಡುಗುತ್ತಿದೆ, ಅರಿಶಿನದ ದಾರ ಮಣಿಕಟ್ಟಿಗೆ ಜಾರಿದೆ. ಅಳಿಸಲಿಲ್ಲ. ಹುಡುಗಿಗೆ ಕಳಿಸಿದ್ದೀನಿ. ಇನ್ನೂ ಉತ್ತರ ಬಂದಿಲ್ಲ.