‘ನೀವು ನಮ್ಮವರಾ?’

ಎಲ್ಲರಿಗೂ ನಮಸ್ಕಾರ.

ನನ್ನ ಮನೆಮಾತು ತುಳು. ಕನ್ನಡ ಬಂದದ್ದು ಶಾಲೆಗೆ ಹೋದ ಮೇಲೆ. ಸಣ್ಣವನಿದ್ದಾಗ ಅಮ್ಮ ಸಂಜೆ ಪೇಟೆಗೆ ಹೊರಟರೆ ನಾನು ಅವಳ ಬಾಯನ್ನೇ ನೋಡುತ್ತಾ ಕೂರುತ್ತಿದ್ದೆ. ‘ನಮ ಪೋಯಿ’ ಅಂದರೆ ಓಡಿಹೋಗಿ ಚಪ್ಪಲಿ ಹಾಕಿಕೊಳ್ಳಬಹುದು. ‘ಎಂಕ್ಲು ಪೋಪ’ ಅಂದರೆ ಮುಗೀತು, ನಾನು ಅಜ್ಜಿ ಜೊತೆ ಮನೆಯಲ್ಲೇ. ಎರಡಕ್ಕೂ ಕನ್ನಡದಲ್ಲಿ ‘ನಾವು’ ಅಂತಲೇ ಹೇಳಬೇಕು. ಆದರೆ ತುಳುವಿನ ‘ನಮ’ ಅನ್ನುವುದರೊಳಗೆ ಕೇಳಿಸಿಕೊಳ್ಳುವವನೂ ಇದ್ದಾನೆ. ‘ಎಂಕ್ಲು’ ಅಂದರೆ ಅವನು ಹೊರಗೆ. ತೆಲುಗಿನವರಿಗೆ ‘ಮನಂ’ ಬೇರೆ, ‘ಮೇಮು’ ಬೇರೆ. ತಮಿಳಿನವರಿಗೆ ‘ನಾಮ್’ ಬೇರೆ, ‘ನಾಂಗಳ್’ ಬೇರೆ. ಇವತ್ತಿನ ಕನ್ನಡದಲ್ಲಿ ಮಾತ್ರ ಎರಡಕ್ಕೂ ಒಂದೇ ಶಬ್ದ.

ಮಾತುಗಾರಿಕೆ ನಮ್ಮ ಗುರುತನ್ನು ಹೇಗೆ ಕಟ್ಟುತ್ತದೆ ಅಂತ ಮಾತಾಡಿ ಎಂದು ಕರೆದಿದ್ದೀರಿ. ವಿಷಯ ದೊಡ್ಡದು, ನನ್ನ ಕೈಗೆ ಸಿಕ್ಕುವಂಥದ್ದಲ್ಲ. ಹಾಗಾಗಿ ಈ ಒಂದು ಶಬ್ದವನ್ನೇ ಹಿಡಿದು ಕೂರುತ್ತೇನೆ. ಕನ್ನಡದಲ್ಲಿ ಭಾಷಣ ಮಾಡುವವರಿಗೆ ಇದರಷ್ಟು ಅನುಕೂಲದ ಶಬ್ದ ಇನ್ನೊಂದಿಲ್ಲ. ಮೈಕ್ ಮುಂದೆ ನಿಂತು ‘ನಾವು’ ಅಂದರೆ ಸಾಕು, ಕೂತವರೆಲ್ಲ ಅದು ತಮ್ಮನ್ನೂ ಸೇರಿಸಿಕೊಂಡು ಹೇಳಿದ್ದು ಅಂದುಕೊಳ್ಳುತ್ತಾರೆ. ಸೇರಿಸಿದ್ದಾನೋ ಇಲ್ಲವೋ ಅಂತ ಅವನು ಬಾಯಿಬಿಟ್ಟು ಹೇಳಬೇಕಾಗಿಲ್ಲ. ಅದೇ ತುಳುವಿನಲ್ಲಾದರೆ ಮೊದಲ ಶಬ್ದಕ್ಕೇ ಸಿಕ್ಕಿಬೀಳುತ್ತಾನೆ.

ಬೆಂಗಳೂರಿಗೆ ಬಂದ ಹೊಸತರಲ್ಲಿ ಬಾಡಿಗೆ ಮನೆ ಹುಡುಕುತ್ತಿದ್ದೆ. ಒಬ್ಬರು ಓನರ್ ಕೂರಿಸಿ ಕಾಫಿ ಕೊಟ್ಟರು. ಯಾವ ಕೆಲಸ, ಎಷ್ಟು ಜನ, ಅಪ್ಪನ ಹೆಸರೇನು, ಊಟದಲ್ಲಿ ಏನೇನು ನಡೆಯುತ್ತೆ, ಎಲ್ಲ ಕೇಳಿದರು. ಕೊನೆಗೆ ದನಿ ತಗ್ಗಿಸಿ, ‘ಬೇಜಾರು ಮಾಡ್ಕೋಬೇಡಿ, ನೀವು ನಮ್ಮವರಾ?’ ಅಂದರು. ನಾನು ‘ನಾವು ಮಂಗಳೂರು ಕಡೆಯವರು’ ಅಂದೆ. ಅವರು ಕೇಳಿದ್ದು ಜಾತಿ, ನಾನು ಕೊಟ್ಟದ್ದು ಊರು. ಅದು ಇಬ್ಬರಿಗೂ ಗೊತ್ತಿತ್ತು. ಮರುದಿನ ಫೋನ್ ಬಂತು, ಬೇರೆ ಯಾರೋ ಅಡ್ವಾನ್ಸ್ ಕೊಟ್ಟುಬಿಟ್ಟಿದ್ದಾರಂತೆ.

ಮನೆ ಹೋದದ್ದಕ್ಕೆ ನನಗೆ ಅಂಥ ಬೇಜಾರೇನೂ ಆಗಲಿಲ್ಲ. ನೀರಿನ ತೊಂದರೆ ಇತ್ತು ಅಂತ ಆಮೇಲೆ ಗೊತ್ತಾಯಿತು. ಆದರೆ ಒಂದು ನೋಡಿ. ಅಲ್ಲಿಯವರೆಗೆ ನಾನು ಪುತ್ತೂರಿನವನು. ಮಂಗಳೂರು ನಮಗೆ ಯಾವಾಗಾದರೊಮ್ಮೆ ಬಸ್ ಹತ್ತಿ ಹೋಗುವ ದೊಡ್ಡ ಪೇಟೆ, ಅಷ್ಟೆ. ಅವತ್ತು ಒಂದು ಪ್ರಶ್ನೆಯಿಂದ ಜಾರಿಕೊಳ್ಳಲು ಆಡಿದ ಮಾತು ನಾಲಿಗೆಯಲ್ಲೇ ಉಳಿದುಬಿಟ್ಟಿತು. ಇವತ್ತಿಗೂ ಯಾರಾದರೂ ಕೇಳಿದರೆ ‘ಮಂಗಳೂರು ಕಡೆ’ ಅಂತಲೇ ಬರುತ್ತದೆ. ಈಗ ಮಂಗಳೂರಿನವರನ್ನು ಯಾರಾದರೂ ತಮಾಷೆ ಮಾಡಿದರೆ ನನಗೆ ಸಿಟ್ಟೂ ಬರುತ್ತದೆ!

‘ನಮ್ಮವರಾ’ ಅಂದ ಕೂಡಲೇ ನಿಮ್ಮಲ್ಲಿ ಕೆಲವರಿಗೆ ಬಸವಣ್ಣನವರ ವಚನ ನೆನಪಾಗಿರುತ್ತದೆ. ‘ಇವನಾರವ, ಇವನಾರವ, ಇವನಾರವನೆಂದೆನಿಸದಿರಯ್ಯಾ. ಇವ ನಮ್ಮವ, ಇವ ನಮ್ಮವ, ಇವ ನಮ್ಮವನೆಂದೆನಿಸಯ್ಯಾ.’ ಇದನ್ನು ಉಪದೇಶ ಅಂತ ಓದುವುದು ರೂಢಿ. ಎಲ್ಲರನ್ನೂ ನಮ್ಮವರು ಅನ್ನಿ, ಯಾರನ್ನೂ ಹೊರಗಿಡಬೇಡಿ ಅಂತ. ಬ್ಯಾನರ್ ಮೇಲೆ ಹಾಕುವಾಗಲೂ ‘ಇವ ನಮ್ಮವ’ ಅನ್ನುವಷ್ಟನ್ನೇ ಕತ್ತರಿಸಿ ಹಾಕುತ್ತಾರೆ. ಸ್ವಲ್ಪ ಕ್ರಿಯಾಪದ ನೋಡಿ. ಅಲ್ಲಿ ‘ಎನ್ನಿರಯ್ಯಾ’ ಅಂತಿಲ್ಲ, ‘ಎನಿಸಯ್ಯಾ’ ಅಂತಿದೆ. ನನ್ನನ್ನು ನೋಡಿ ಜನ ‘ಇವನು ಯಾರವನು’ ಅನ್ನುವ ಹಾಗೆ ಮಾಡಬೇಡ, ‘ಇವ ನಮ್ಮವ’ ಅನ್ನುವ ಹಾಗೆ ಮಾಡು ಅಂತ ಕೂಡಲಸಂಗಮದೇವನನ್ನು ಕೇಳಿಕೊಳ್ಳುವುದು. ಮುಂದಿನ ಸಾಲಿನಲ್ಲಿ ‘ನಿಮ್ಮ ಮನೆಯ ಮಗನೆಂದೆನಿಸಯ್ಯಾ’ ಅಂತ ಬರುತ್ತದೆ. ಬಾಗಿಲಲ್ಲಿ ನಿಂತಿರುವವರು ಸ್ವತಃ ಬಸವಣ್ಣ.

12ನೇ ಶತಮಾನದ ಕಲ್ಯಾಣದಲ್ಲಿ ಅವರೇನು ಸಾಮಾನ್ಯರಲ್ಲ. ಹುಟ್ಟಿದ್ದು ಬ್ರಾಹ್ಮಣರ ಮನೆಯಲ್ಲಿ, ಇದ್ದದ್ದು ಬಿಜ್ಜಳನ ಭಂಡಾರದ ಹುದ್ದೆಯಲ್ಲಿ. ‘ನೀವು ನಮ್ಮವರಾ’ ಅಂತ ಅವರನ್ನು ಕೇಳುವ ಧೈರ್ಯ ಯಾರಿಗಿತ್ತು? ಹಾಗೆ ಕೇಳುವ ಜಾಗದಲ್ಲಿ ಹಾಯಾಗಿ ಕೂರಬಹುದಾಗಿದ್ದವರು ಎದ್ದು ಬಂದು, ಕೇಳಿಸಿಕೊಳ್ಳುವವನ ಜಾಗದಲ್ಲಿ ನಿಂತು ಮಾತಾಡುತ್ತಾರೆ. ಒಳಗೆ ಕೂತು ‘ಬನ್ನಿ, ನೀವೂ ನಮ್ಮವರೇ’ ಅನ್ನುವುದು ಸುಲಭ. ಕಾಫಿ ಕೊಟ್ಟ ನಮ್ಮ ಓನರ್ ಕೂಡ ನಾಳೆ ಯಾವುದಾದರೂ ಸಭೆಯಲ್ಲಿ ಹಾಗೆ ಹೇಳಿಯಾರು. ಹೊರಗೆ ನಿಂತು ಕೇಳುವುದು ಬೇರೆಯದೇ ಮಾತು.

ಈಗ ಒಂದೇ ಸಲ 1973ಕ್ಕೆ ಬರೋಣ. 1956ರ ನವೆಂಬರ್ 1ಕ್ಕೆ ಬೊಂಬಾಯಿ, ಹೈದರಾಬಾದ್, ಮದ್ರಾಸ್ ಕಡೆಗಳಲ್ಲಿ ಹಂಚಿಹೋಗಿದ್ದ ಕನ್ನಡದ ಜಿಲ್ಲೆಗಳೂ ಕೊಡಗೂ ಹಳೇ ಮೈಸೂರಿನ ಜೊತೆ ಸೇರಿದವು. ಹೆಸರು ಮಾತ್ರ ಮೈಸೂರು ಅಂತಲೇ ಉಳಿಯಿತು. ಧಾರವಾಡದವರು, ಬೀದರಿನವರು ಕಾಗದದ ಮೇಲೆ ಮೈಸೂರು ರಾಜ್ಯದವರಾದರು. ಧಾರವಾಡ ಅಂದರೆ ಆಲೂರು ವೆಂಕಟರಾಯರ ಊರು. ಕರ್ನಾಟಕ ಅನ್ನುವ ಹೆಸರನ್ನು ಜನರ ಎದೆಗೆ ಇಳಿಸಲು ಅವರು ಇಡೀ ಜೀವಮಾನ ಓಡಾಡಿದ್ದರು. ನಿಮಗೊಂದು ದೊಡ್ಡ ಹಿಂದಿನ ಕಾಲ ಇತ್ತು, ಅದನ್ನು ಮರೆತಿದ್ದೀರಿ ಅಂತ ನೆನಪಿಸುತ್ತಲೇ ಅವರು ಒಂದು ‘ನಾವು’ ಕಟ್ಟಿದರು. 17 ವರ್ಷ ಕಳೆದ ಮೇಲೆ, 1973ರ ನವೆಂಬರ್ 1ಕ್ಕೆ, ದೇವರಾಜ ಅರಸರು ಮುಖ್ಯಮಂತ್ರಿಯಾಗಿದ್ದಾಗ, ರಾಜ್ಯ ಕರ್ನಾಟಕವಾಯಿತು. ಹೆಸರಲ್ಲೇನಿದೆ ಅನ್ನುವವರು ಹುಬ್ಬಳ್ಳಿ ಕಡೆಯ ಹಿರಿಯರನ್ನು ಒಮ್ಮೆ ಕೇಳಿ ನೋಡಬೇಕು.

ಅದೇ ತಿಂಗಳು ಮೈಸೂರಿನಲ್ಲಿ ಅರಸರ ಸಂಪುಟದ ದಲಿತ ಮಂತ್ರಿ ಬಿ. ಬಸವಲಿಂಗಪ್ಪನವರು ಭಾಷಣ ಮಾಡುತ್ತಾ, ಕನ್ನಡ ಸಾಹಿತ್ಯದಲ್ಲಿ ಬಹುಪಾಲು ಬೂಸಾ ಅಂದುಬಿಟ್ಟರು. ಬೂಸಾ ಗೊತ್ತಲ್ಲ, ದನಕ್ಕೆ ನೀರಿನಲ್ಲಿ ಕಲಸಿ ಇಡುತ್ತೇವಲ್ಲ, ಆ ಹೊಟ್ಟು. ಕೊಟ್ಟಿಗೆಯ ಶಬ್ದ ಸಭೆಗೆ ಬಂತು, ಬೀದಿಗೆ ಬೆಂಕಿ ಬಿತ್ತು. ವಿದ್ಯಾರ್ಥಿಗಳು ಮೆರವಣಿಗೆ ಹೊರಟರು. ದಲಿತ ವಿದ್ಯಾರ್ಥಿಗಳ ಮೇಲೆ ಹಲ್ಲೆಗಳಾದವು. ಬಸವಲಿಂಗಪ್ಪನವರು ಮಂತ್ರಿಗಿರಿ ಬಿಡಬೇಕಾಯಿತು.

ಆ ಮಾತು ಸ್ವಲ್ಪ ಜಾಸ್ತಿಯೇ ಆಯಿತು ಅಂತ ನನಗೂ ಅನ್ನಿಸುತ್ತದೆ. ಪಂಪ, ಕುಮಾರವ್ಯಾಸರನ್ನು ಓದಿದವನು ಅಷ್ಟು ಸಲೀಸಾಗಿ ತಲೆದೂಗಲಾರ. ಆದರೆ ‘ನಮ್ಮ ಸಾಹಿತ್ಯವನ್ನು ಬೈದರು’ ಅಂತ ಕೂಗಿದಾಗ ಆ ‘ನಮ್ಮ’ದಲ್ಲಿ ಬಸವಲಿಂಗಪ್ಪ ಇದ್ದರಾ? ಇದ್ದಿದ್ದರೆ ಅದು ಮನೆಯ ಮಗ ಅಡುಗೆಯನ್ನು ಬೈದ ಹಾಗೆ. ಒಂದು ಹೊತ್ತು ಕೂಗಾಡಿ, ಆಮೇಲೆ ಎಲ್ಲರೂ ಸೇರಿ ಊಟಕ್ಕೆ ಕೂರುತ್ತಿದ್ದರು. ಬೀದಿ ಅವರಿಗೆ ಕೊಟ್ಟ ಉತ್ತರ ಮನೆಯವನಿಗೆ ಕೊಡುವಂಥದ್ದಲ್ಲ. ಹೊಗಳುವವರೆಗೆ ಒಳಗೆ, ಬೈದರೆ ‘ಇವನಾರವ’. ಗತಕಾಲದ ವೈಭವ ಅಂತ ಎಲ್ಲರೂ ಎದೆಯುಬ್ಬಿಸುವಾಗ, ಆ ಕಾಲದಲ್ಲಿ ಊರ ಹೊರಗೆ ಇದ್ದವರ ಮೊಮ್ಮಕ್ಕಳು ಯಾವುದನ್ನು ನೆನೆಸಿಕೊಳ್ಳಬೇಕು?

ಆ ಹೊಡೆತ ತಿಂದ ಹುಡುಗರಲ್ಲಿ ಅನೇಕರು ಆಮೇಲೆ ದಲಿತ ಸಂಘರ್ಷ ಸಮಿತಿ ಕಟ್ಟುವ ಕೆಲಸಕ್ಕೆ ಬಂದರು. ಅಲ್ಲಿಯವರೆಗೆ ಸರ್ಕಾರಿ ಕಾಗದದಲ್ಲೂ ಭಾಷಣದಲ್ಲೂ ‘ಹರಿಜನ’ ಅಂತಿತ್ತು. ಅದು ಬೇರೆಯವರು ಪ್ರೀತಿಯಿಂದಲೋ ಕನಿಕರದಿಂದಲೋ ಇಟ್ಟ ಹೆಸರು. ‘ದಲಿತ’ ಅನ್ನುವುದು ತಾವೇ ಹೇಳಿಕೊಂಡದ್ದು. ಮೊದಲನೆಯದು ಕೈ ಮುಗಿದು ನಿಲ್ಲಿಸುತ್ತದೆ, ಎರಡನೆಯದು ಏನಾಯಿತು, ತುಳಿದವರು ಯಾರು ಅಂತ ಕೇಳುತ್ತದೆ. ಶಬ್ದ ಬದಲಾದ ಕೂಡಲೇ ಮನೆ ಬಾಡಿಗೆಗೆ ಸಿಗಲಿಲ್ಲ ಅನ್ನಿ. ಆದರೆ ‘ನೀವು ಯಾರು’ ಅಂದಾಗ ಜಾರಿಕೊಳ್ಳದೆ ಉತ್ತರ ಕೊಡುವ ಒಂದು ತಲೆಮಾರು ಬಂತು. ನಾನು ಅವತ್ತು ಕಾಫಿ ಲೋಟ ಹಿಡಿದುಕೊಂಡು ಹಾಗೆ ಉತ್ತರ ಕೊಡಲಿಲ್ಲ.

ಇಷ್ಟು ಹೊತ್ತು ಮಾತಾಡಿ ನಾನೇ ಎಷ್ಟು ಸಲ ‘ನಾವು’, ‘ನಮ್ಮ’ ಅಂದೆನೋ ಗೊತ್ತಿಲ್ಲ. ‘ನಮ್ಮ ಓನರ್’ ಅಂತ ಕೂಡ ಅಂದೆ, ಬಾಡಿಗೆಗೇ ಕೊಡದವರನ್ನು! ಹಿಂದಿನ ಸಾಲಿನಲ್ಲಿ ತುಳು ಬಲ್ಲವರು ಇಬ್ಬರು ಮೂವರು ಕಾಣುತ್ತಿದ್ದಾರೆ, ಆಗಿನಿಂದ ನಗುತ್ತಿದ್ದಾರೆ. ಅದರಲ್ಲಿ ಎಷ್ಟು ‘ನಮ’, ಎಷ್ಟು ‘ಎಂಕ್ಲು’ ಅಂತ ಅವರೇ ಲೆಕ್ಕ ಹಾಕಿ ಹೇಳಲಿ. ನಾನು ಕೂರುತ್ತೇನೆ.